ಅಯ್ನೋರ ಫುಟ್‌ಬಾಲ್ ಹುಚ್ಚು

ನಮ್ಮಪ್ಪ ಚನ್ನವೀರಯ್ಯನವರು ನಿಟ್ಟೂರು ಸುತ್ತಮುತ್ತಲ ಊರುಗಳಿಗೆಲ್ಲ ಅಯ್ನೋರು. ಮದುವೆ, ಗೃಹಪ್ರವೇಶ, ಮಕ್ಕಳಿಗೆ ಲಿಂಗ ಕಟ್ಟುವುದು, ಏನೇ ಇದ್ದರೂ ಅವರು ಬರಬೇಕು. ಹಣೆ ತುಂಬ ವಿಭೂತಿ, ಮೆತ್ತಗಿನ ಮಾತು. ಇಂಥ ಮನುಷ್ಯನಿಗೆ ಫುಟ್‌ಬಾಲ್ ಹುಚ್ಚು ಅಂದರೆ ಹೊಸಬರು ನಗುತ್ತಾರೆ. ನಗಲಿ. ಚಿಕ್ಕಂದಿನಲ್ಲಿ ಮಠದ ಉಚಿತ ಹಾಸ್ಟೆಲ್ಲಿನಲ್ಲಿ ಓದುವಾಗ ಬರಿಗಾಲಲ್ಲಿ ಆಡಿ ಹತ್ತಿಸಿಕೊಂಡ ಹುಚ್ಚು ಅದು. ಆಡುವ ವಯಸ್ಸು ಹೋಯಿತು, ನೋಡುವ ಹುಚ್ಚು ಮಾತ್ರ ಉಳಿಯಿತು.

ಬೇಸಿಗೆಯೆಂದರೆ ಅವರಿಗೆ ಎರಡು ದೋಣಿಯ ಮೇಲೆ ಕಾಲಿಟ್ಟ ಹಾಗೆ. ಮುಹೂರ್ತಗಳು ಬರುವುದೂ ಆಗಲೇ, ಬೆಂಗಳೂರಿನಲ್ಲಿ ದೊಡ್ಡ ಮ್ಯಾಚುಗಳು ನಡೆಯುವುದೂ ಆಗಲೇ. ಮ್ಯಾಚಿನ ದಿನ ಗೃಹಪ್ರವೇಶ ಇದ್ದರೆ ಮಂತ್ರಗಳೆಲ್ಲ ರೈಲಿನ ವೇಗದಲ್ಲಿ ಓಡುತ್ತಿದ್ದವು. ಮನೆಯ ಯಜಮಾನರೇ, 'ಏನ್ ಅಯ್ನೋರೆ, ಇವತ್ತು ಮ್ಯಾಚ್ ಇದೆಯಾ?' ಅಂತ ರೇಗಿಸುತ್ತಿದ್ದರು. ನಮ್ಮಮ್ಮ ಶಿವರುದ್ರಮ್ಮನಿಗೆ ಮಾತ್ರ ಇದು ತಮಾಷೆಯಲ್ಲ. 'ಊರಿಗೆಲ್ಲ ಬುದ್ಧಿ ಹೇಳೋರು, ಅಲ್ಲೋಗಿ ಪಡ್ಡೆ ಹುಡುಗ್ರ ಜೊತೆ ಕುಣೀತಾರೆ' ಅಂತ ಗೊಣಗುತ್ತಿದ್ದಳು.

ಜೊತೆಗೆ ಹೋಗುವವಳು ನಾನು. ತುಮಕೂರಿನ ಒಂದು ಲ್ಯಾಬಿನಲ್ಲಿ ರಕ್ತ ತೆಗೆಯುವ ಕೆಲಸ ನನ್ನದು, ಮನೆ ಮರಳೂರಿನಲ್ಲಿ. ಅಪ್ಪ ನಿಟ್ಟೂರಿನಲ್ಲಿ ರೈಲು ಹತ್ತಿದರೆ ನಾನು ತುಮಕೂರಿನಲ್ಲಿ ಹತ್ತುತ್ತಿದ್ದೆ. ಆಟದ ಬಗ್ಗೆ ನನಗೆ ಅಂಥ ಆಸೆಯೇನಿಲ್ಲ. ಅಪ್ಪನನ್ನು ನೋಡುವುದಕ್ಕೆ ಹೋಗುತ್ತಿದ್ದೆ ಅಂತ ಧಾರಾಳವಾಗಿ ಹೇಳುತ್ತೇನೆ. ಗ್ಯಾಲರಿಯಲ್ಲಿ ಕೂತ ಕೂಡಲೇ ಅಯ್ನೋರು ಮಾಯವಾಗಿ ಇನ್ನೊಬ್ಬರು ಬರುತ್ತಿದ್ದರು. 'ಏನ್ಲಾ ರೆಫ್ರಿ, ಕಣ್ಣು ಮನೇಲಿ ಬಿಟ್ ಬಂದಿದೀಯೇನ್ಲಾ!' ಅಂತ ಅವರು ಕೂಗಿದರೆ ಹಿಂದಿನ ಸಾಲಿನ ಹುಡುಗರು ಚಪ್ಪಾಳೆ ಹೊಡೆಯುತ್ತಿದ್ದರು. ಮನೆಯಲ್ಲಿ ನಮ್ಮನ್ನು ಒಂದು ದಿನವೂ ಗದರಿದವರಲ್ಲ. ಆ ಕೂಗುವ ಅಪ್ಪನೆಂದರೆ ನನಗೆ ಪ್ರಾಣ.

ಒಂದೇ ತಾಪತ್ರಯವಿತ್ತು. ಅಪ್ಪನ ಕೊರಳಲ್ಲಿ ಬೆಳ್ಳಿಯ ಕರಡಿಗೆ, ಅದರೊಳಗೆ ಇಷ್ಟಲಿಂಗ. ಒಂದು ಸಲ ಗೇಟಿನಲ್ಲಿ ತಪಾಸಣೆ ಮಾಡುವವನು, ಯಾವ ಸೀಮೆಯವನೋ ಏನೋ, ಈ ಡಬ್ಬಿ ಒಳಗೆ ಬಿಡಲ್ಲ ಅಂತ ಹಟ ಹಿಡಿದ. ಬಿಡಿಸಿ ಹೇಳುವಷ್ಟರಲ್ಲಿ ಅರ್ಧ ಆಟ ಮುಗಿದಿತ್ತು. ಆಮೇಲಿಂದ ಅಪ್ಪ ಮ್ಯಾಚಿನ ದಿನ ಕರಡಿಗೆಯನ್ನು ದೇವರ ಮನೆಯಲ್ಲಿಟ್ಟು, ಲಿಂಗವನ್ನು ಬಿಳಿ ವಸ್ತ್ರದಲ್ಲಿ ಸುತ್ತಿ ಗಂಟು ಹಾಕಿ ಕೊರಳಿಗೆ ಕಟ್ಟಿಕೊಂಡು ಬರುತ್ತಿದ್ದರು. ಅದೇನೂ ತಪ್ಪಲ್ಲ, ಎಷ್ಟೋ ಜನ ಹಾಗೇ ಕಟ್ಟುತ್ತಾರೆ. ಬಟ್ಟೆಗೆ ಮೆಶಿನ್ನೂ ಕೂಗುವುದಿಲ್ಲ, ಗೇಟಿನವನೂ ಕೇಳುವುದಿಲ್ಲ.

ಹೋದ ವರ್ಷದ ಸೆಮಿಫೈನಲ್. ಐದು ಗಂಟೆಗೆ ಆಟ ಶುರುವಾದರೂ ಸಿಮೆಂಟು ಮೆಟ್ಟಿಲು ಹೆಂಚಿನ ಹಾಗೆ ಕಾದಿತ್ತು. ಅಪ್ಪನ ಜುಬ್ಬ ಬೆವರಿನಲ್ಲಿ ನೆಂದು ಬೆನ್ನಿಗೆ ಅಂಟಿತ್ತು. ಎರಡೂ ತಂಡ ಗೋಲಿಲ್ಲದೆ ಒದ್ದಾಡಿ, ಆಟ ಇನ್ನೇನು ಮುಗಿಯಿತು ಅನ್ನುವಾಗ ನಮ್ಮ ಬೆಂಗಳೂರಿನವರಿಗೆ ಕಾರ್ನರ್ ಸಿಕ್ಕಿತು. ಚೆಂಡು ಮೇಲಿಂದ ಇಳಿದು ಬಂತು, ನೀಲಿ ಅಂಗಿಯವನೊಬ್ಬ ಎಲ್ಲರಿಗಿಂತ ಎತ್ತರಕ್ಕೆ ಹಾರಿ ತಲೆ ಕೊಟ್ಟ. ಗೋಲ್! ನಮ್ಮಪ್ಪ ಕೂತಲ್ಲಿಂದ ಹಾರಿದರು. ಅಕ್ಕಪಕ್ಕದವರನ್ನು ತಬ್ಬಿಕೊಂಡರು, ಗುರುತಿಲ್ಲದ ಹುಡುಗನೊಬ್ಬ ಅವರನ್ನು ಎತ್ತಿ ಗಿರಗಿರ ತಿರುಗಿಸಿದ. ನಾನು ನಕ್ಕು ನಕ್ಕು ಹೊಟ್ಟೆ ಹಿಡಿದುಕೊಂಡೆ.

ಸೀಟಿ ಊದಿದರು, ಗೆದ್ದೆವು. ಏಳುವ ಮುಂಚೆ ಅಪ್ಪ ಅಭ್ಯಾಸಬಲದಿಂದ ಎದೆ ಮುಟ್ಟಿಕೊಂಡರು. ಮುಖ ಬಿಳಿಚಿತು. ವಸ್ತ್ರ ಕೊರಳಲ್ಲೇ ಇತ್ತು. ಬೆವರಿಗೆ ಜಾರಿ ಗಂಟು ಬಿಚ್ಚಿತ್ತು. ಒಳಗೆ ಲಿಂಗ ಇರಲಿಲ್ಲ.

ಇದೇನು ದೊಡ್ಡ ವಿಷಯ ಅಂತ ಕೇಳುವವರಿಗೆ ಹೇಳುತ್ತೇನೆ. ಲಿಂಗ ಮೈಮೇಲಿಲ್ಲದೆ ಹನಿ ನೀರು ಕುಡಿಯಬಾರದು ಅನ್ನುವುದು ನಿಯಮ. ಕಳೆದರೆ ಗುರುಗಳ ಹತ್ತಿರ ಹೋಗಿ ಬೇರೆ ಕಟ್ಟಿಸಿಕೊಳ್ಳುವತನಕ ಉಪವಾಸ. ಈಗ ಇದನ್ನೆಲ್ಲ ಪಾಲಿಸುವವರು ಎಷ್ಟು ಜನ? ಆದರೆ ನಮ್ಮಪ್ಪ ನೂರಾರು ಮಕ್ಕಳಿಗೆ ಲಿಂಗ ಕಟ್ಟಿ ಇದೇ ಮಾತು ಹೇಳಿದವರು. ಮೇಲಾಗಿ ಸಕ್ಕರೆ ಕಾಯಿಲೆ. ಮಾತ್ರೆ ನುಂಗಿ ಹೊತ್ತಿಗೆ ಸರಿಯಾಗಿ ತಿನ್ನದಿದ್ದರೆ ಕೈಕಾಲು ನಡುಗುತ್ತದೆ.

ನಮ್ಮ ಸಾಲು, ಮುಂದಿನ ಸಾಲು, ಅದರ ಕೆಳಗಿನದು ಎಲ್ಲ ಹುಡುಕಿದೆವು. ಕಪ್ಪಗೆ, ಸಣ್ಣ ಗೋಲಿಯಷ್ಟಿರುವ ವಸ್ತು. ಸುತ್ತಲೂ ಪೇಪರ್ ಕಪ್ಪು, ಕಡ್ಲೆಕಾಯಿ ಸಿಪ್ಪೆ, ಹರಿದ ಬಾವುಟ. ಜನ ಖಾಲಿಯಾದರು. ಅಪ್ಪ ಮಂಡಿಯೂರಿ ಮೆಟ್ಟಿಲ ಸಂದಿಗಳಲ್ಲಿ ಬೆರಳು ಹಾಕಿ ತಡಕುತ್ತಿದ್ದರು. ತುಟಿ ಒಣಗಿ ಬಿಳಿಯಾಗಿತ್ತು. ಬ್ಯಾಗಿನಲ್ಲಿದ್ದ ಚಾಕ್ಲೇಟು, ಅಲ್ಲೇ ಕೊಂಡಿದ್ದ ನೀರಿನ ಪ್ಯಾಕೆಟ್ಟು ಮುಂದೆ ಹಿಡಿದೆ. ತಲೆ ಅಲ್ಲಾಡಿಸಿದರು.

'ಅಪ್ಪಾಜಿ, ಇಲ್ಲೇ ಬಿದ್ದೋದ್ರೆ ಏನ್ಮಾಡ್ಲಿ ನಾನು? ನಿಮ್ಮ ನಿಯಮ ಬಂದು ಆಸ್ಪತ್ರೆಗೆ ಸೇರ್ಸುತ್ತಾ?'

'ಬೈಬೇಡ ಕಣವ್ವ. ಸಿಗುತ್ತೆ ಇರು.'

ಕೋಪ ನೆತ್ತಿಗೇರಿತ್ತು, ಅದಕ್ಕಿಂತ ಹೆದರಿಕೆ ಹೆಚ್ಚಾಗಿತ್ತು. ಅವರ ಕೈ ಆಗಲೇ ನಡುಗುತ್ತಿತ್ತು. ಲ್ಯಾಬಿನಲ್ಲಿ ಅಂಥ ಕೈಗಳನ್ನು ದಿನಾ ನೋಡುವವಳು ನಾನು.

ಅಷ್ಟರಲ್ಲಿ ಕಸ ಗುಡಿಸುವ ಹೆಂಗಸರು ಕೆಳಗಿನ ಸಾಲುಗಳನ್ನು ಗುಡಿಸಿಕೊಂಡು ಪೊರಕೆ, ಗೋಣಿಚೀಲ ಹಿಡಿದು ಹತ್ತಿ ಬಂದರು. ಅವರಲ್ಲಿ ಒಬ್ಬಳು, ನನಗಿಂತ ನಾಲ್ಕೈದು ವರ್ಷ ದೊಡ್ಡವಳಿರಬಹುದು, ಅಪ್ಪನನ್ನು ನೋಡಿ ನಿಂತಳು. ಹಣೆಯ ವಿಭೂತಿ ನೋಡಿದಳು, ಕೊರಳಲ್ಲಿ ನೇತಾಡುತ್ತಿದ್ದ ಖಾಲಿ ವಸ್ತ್ರ ನೋಡಿದಳು.

'ಲಿಂಗ ಬಿತ್ತಾ ಅಯ್ನೋರೆ?'

ನಾವು ಬಾಯಿ ಬಿಟ್ಟು ಹೇಳಿರಲಿಲ್ಲ. ಬೆಂಗಳೂರಿನ ಆ ಗ್ಯಾಲರಿಯಲ್ಲಿ ಹಾಗೆ ಕೇಳಬಲ್ಲವಳು ಅವಳೊಬ್ಬಳೇ. ಅಪ್ಪ ಹೂಂಗುಟ್ಟಿದರು. ಅವಳು ಜೊತೆಯವರನ್ನು ಕೂಗಿ, 'ಈ ಕಡೆ ಯಾರೂ ಪೊರ್ಕೆ ಹಾಕ್ಬೇಡ್ರೇ' ಅಂದಳು. ಆಮೇಲೆ ಕೂತು, ತುಂಬಿದ್ದ ತನ್ನ ಚೀಲವನ್ನು ಮೆಟ್ಟಿಲ ಮೇಲೆ ಸುರಿದು ಕೈಯಲ್ಲೇ ಒಂದೊಂದಾಗಿ ಬಿಡಿಸತೊಡಗಿದಳು. ಎಂಜಲು ಕಪ್ಪು, ಉಗಿದ ಸಿಪ್ಪೆ, ಯಾವುದಕ್ಕೂ ಮುಖ ಕಿವಿಚಲಿಲ್ಲ. ಆ ಚೀಲದಲ್ಲಿ ಸಿಗಲಿಲ್ಲ. ಇನ್ನೊಂದು ಸುರಿದಳು. ಮೇಸ್ತ್ರಿ ಕೆಳಗಿನಿಂದ ಬೈದ. 'ಇರಣ್ಣ, ಬಂದೆ' ಅಂದಳೇ ಹೊರತು ಏಳಲಿಲ್ಲ.

ಸಿಕ್ಕಿತು. ಅಂಗೈಯಲ್ಲಿಟ್ಟುಕೊಂಡು ಸೆರಗಿನಿಂದ ಒರೆಸಿ ಅಪ್ಪನ ಕಡೆ ಚಾಚಿದಳು. ಅಪ್ಪನ ಕಣ್ಣಲ್ಲಿ ನೀರು ಬಂತು. ಅವರೂ ಕೈ ಚಾಚಿದರು.

'ನೀನು ಯಾವೂರವ್ವ ತಾಯಿ?'

'ನಮ್ದೂ ನಿಮ್ ಕಡೇನೇ ಅಯ್ನೋರೆ. ಕುಣಿಗಲ್ ತಾಲ್ಲೂಕು, ಹುಲಿಯೂರುದುರ್ಗ. ಊರಾಚೆ ಕಾಲೊನಿಯೋರು ನಾವು. ನಾನ್ ಮುಟ್ಬುಟ್ಟಿವ್ನಿ, ತಪ್ ತಿಳ್ಕಬೇಡಿ.'

ಅಪ್ಪನ ಕೈ ನಿಂತಿತು. ಪೂರ್ತಿ ಹಿಂದಕ್ಕೂ ಹೋಗಲಿಲ್ಲ, ಮುಂದಕ್ಕೂ ಬರಲಿಲ್ಲ.

'ಅಲ್ಲಿಡಮ್ಮ' ಅಂದರು.

ಅವಳು ಮೆಟ್ಟಿಲ ಮೇಲೆ ಲಿಂಗ ಇಟ್ಟು ಹಿಂದೆ ಸರಿದಳು. ಮುಖದಲ್ಲಿ ಏನೂ ತೋರಿಸಲಿಲ್ಲ. ಅಪ್ಪ ನನ್ನ ಕೈಯಿಂದ ನೀರಿನ ಪ್ಯಾಕೆಟ್ಟು ಇಸ್ಕೊಂಡು ಲಿಂಗವನ್ನು ತೊಳೆದು, ಕಣ್ಣಿಗೊತ್ತಿಕೊಂಡು, ವಸ್ತ್ರದಲ್ಲಿ ಕಟ್ಟಿದರು. ಮಿಕ್ಕ ನೀರು ಗಟಗಟ ಕುಡಿದರು. ನಾವು ತಲೆಯೆತ್ತುವ ಹೊತ್ತಿಗೆ ಅವಳು ಸುರಿದ ಕಸವನ್ನೆಲ್ಲ ಮತ್ತೆ ಚೀಲಕ್ಕೆ ತುಂಬಿ ಕೆಳಗಿಳಿದು ಹೋಗಿದ್ದಳು.

ನನಗೆ ನಾಚಿಕೆಯಾಯಿತು. ಅಪ್ಪ ಬದುಕಿಕೊಂಡರು ಅನ್ನುವ ನೆಮ್ಮದಿಯೂ ಅದರ ಜೊತೆಯಲ್ಲೇ ಇತ್ತು, ಅದೇ ಇನ್ನೂ ಕಷ್ಟ. ರೈಲಿನಲ್ಲಿ ಗೆದ್ದ ಖುಷಿಗೆ ಹುಡುಗರು ಬೋಗಿ ಬಡಿದು ಹಾಡುತ್ತಿದ್ದರು. ನಾವಿಬ್ಬರೂ ಸತ್ತ ಮನೆಯವರ ಹಾಗೆ ಕೂತಿದ್ದೆವು. ನಾನು ಕೇಳದೆ ಬಿಡುವವಳಲ್ಲ.

'ಯಾಕೆ ಅಲ್ಲಿಡು ಅಂದ್ರಿ?'

'ಒಬ್ಬರ ಲಿಂಗ ಇನ್ನೊಬ್ಬರು ಮುಟ್ಟಬಾರ್ದು. ನಿಯಮ ಅದು. ನಿಂಗೂ ಗೊತ್ತು.'

'ಸರಿ. ನಂಗೆ ಸಿಕ್ಕಿದ್ರೆ? ನನ್ನ ಕೈಯಿಂದ ಇಸ್ಕೋತಿದ್ರಾ, ಇಲ್ವಾ?'

ಅಪ್ಪ ಕಿಟಕಿಯ ಕಡೆ ತಿರುಗಿದರು. ನಿಡವಂದ ಸ್ಟೇಷನ್ ದಾಟಿತು.

'ಇಸ್ಕೋತಿದ್ದೆ' ಅಂದರು. ಹಾಗಂದು ಟವೆಲ್ಲು ಮುಖಕ್ಕೆ ಹಿಡಿದುಕೊಂಡರು.

ಅದಾದ ಮೇಲೆ ಅಪ್ಪ ಸರಿಯಾಗಿ ಊಟ ಮಾಡಲಿಲ್ಲ. ನಿಟ್ಟೂರಿನ ಬಸವ ಜಯಂತಿಗೆ ಪ್ರತಿ ವರ್ಷ ಭಾಷಣ ಅವರದೇ. ಮೇಲು ಕೀಳು ಅನ್ನುವುದು ಇಲ್ಲವೇ ಇಲ್ಲ ಅಂತ ಮೈಕಿನಲ್ಲಿ ಹೇಳಿ ಹೇಳಿ ಅವರಿಗದು ಬಾಯಿಪಾಠ. ಆ ಸಲ ಗಂಟಲು ಸರಿಯಿಲ್ಲ ಅಂತ ಹೇಳಿ ಕಳಿಸಿದರು. ಅಮ್ಮ ನನಗೆ ಫೋನ್ ಮಾಡಿ, 'ಏನಾಯ್ತೇ ಇವರಿಗೆ? ಗೆದ್ದು ಬಂದೋರ ಮುಖಾನ ಇದು?' ಅಂತ ಕೇಳಿದಳು. ಏನು ಹೇಳಲಿ? ಬಿಸಿಲು ಬಡಿದಿದೆ ಅಂದೆ.

ಫೈನಲ್ ಬೇರೆ ಊರಿನಲ್ಲಿತ್ತು. ಅವತ್ತು ನಮ್ಮ ಮನೆಯ ದೊಡ್ಡ ಟಿವಿಯಲ್ಲಿ ನೋಡೋಣ ಅಂತ ಮೊದಲೇ ಮಾತಾಗಿತ್ತು. ಬೆಳಿಗ್ಗೆಯೇ ಮರಳೂರಿಗೆ ಬಂದ ಅಪ್ಪ ಕೂರಲೇ ಇಲ್ಲ. 'ಹುಲಿಯೂರುದುರ್ಗಕ್ಕೆ ಹೋಗ್ಬರಣ ನಡಿ' ಅಂದರು. ಮ್ಯಾಚ್ ಅಂತ ನಾನಂದರೆ, 'ಇರ್ಲಿ ಬುಡು' ಅಂದರು. ಅವರ ಬಾಯಲ್ಲಿ ಆ ಮಾತು ನಾನು ಕೇಳಿದ್ದು ಅದೇ ಮೊದಲು.

ಕುಣಿಗಲ್‌ನಲ್ಲಿ ಬಸ್ಸು ಬದಲಾಯಿಸಿ ಹೋಗಿ ಇಳಿದಾಗ ದುರ್ಗದ ಬೆಟ್ಟ ಬಿಸಿಲಿಗೆ ಕಾದು ಝಳ ಹೊಡೆಯುತ್ತಿತ್ತು. ಟೀ ಅಂಗಡಿಯವನನ್ನು ವಿಚಾರಿಸಿದೆವು. ಹೆಸರೇನು ಅಂದ. ಅಪ್ಪ ಪೆಚ್ಚಾದರು. ಬೆಂಗಳೂರಿನ ಸ್ಟೇಡಿಯಂ ಕೆಲಸಕ್ಕೆ ಹೋಗುತ್ತಾಳೆ, ಕಾಲೊನಿಯವಳು ಅಂದೆ ನಾನು. 'ಓ, ಲಕ್ಷ್ಮೀದೇವಮ್ಮನ ಸೊಸೆ ಶೃತಿ' ಅಂದು ದಾರಿ ತೋರಿಸಿದ. 'ನೀವ್ಯಾಕೆ ಹೋಗ್ತೀರಿ ಅಯ್ನೋರೆ, ಹೇಳ್ಕಳಿಸ್ತೀನಿ, ಇಲ್ಲಿಗೇ ಬರ್ತಾಳೆ.' ಅಪ್ಪ ನಿಲ್ಲಲಿಲ್ಲ.

ನನಗೆ ಗೊತ್ತಿದ್ದಂತೆ ಅಪ್ಪ ಅಂಥ ಬೀದಿಗೆ ಕಾಲಿಟ್ಟಿದ್ದು ಅದೇ ಮೊದಲು. ಯಾವ ಊರಲ್ಲೂ ಆ ಕಡೆಯಿಂದ ಅವರನ್ನು ಕರೆದವರಿಲ್ಲ, ಕರೆಯಬಹುದು ಅಂತ ಇವರು ಹೇಳಿದ್ದೂ ಇಲ್ಲ. ಶೃತಿ ಬಾಗಿಲಲ್ಲಿ ಕೂತು ಹುರುಳಿ ಕೇರುತ್ತಿದ್ದಳು. ನಮ್ಮನ್ನು ನೋಡಿ ಗಾಬರಿಯಾಗಿ ಎದ್ದಳು.

'ಏನ್ ಅಯ್ನೋರೆ, ಮತ್ತೆ ಕಳೀತಾ?'

ಅಪ್ಪ ಇಲ್ಲವೆಂದು ತಲೆಯಾಡಿಸಿದರು. ಬಿಸಿಲಲ್ಲಿ ನಡೆದು ಮುಖ ಕೆಂಪಾಗಿತ್ತು.

'ಇರಿ ಇರಿ, ಸುಸ್ತಾಗಿದೀರಿ' ಅಂತ ಅವಳು ಒಳಗೆ ಓಡಿ ಚೊಂಬಿನಲ್ಲಿ ನೀರು ತಂದಳು. ಅಪ್ಪ ಎರಡೂ ಕೈ ಮುಂದೆ ಚಾಚಿದರು.

ಅವಳು ಚೊಂಬನ್ನು ಜಗಲಿಯ ಮೇಲಿಟ್ಟು ಹಿಂದೆ ಸರಿದು ನಿಂತಳು.

'ಕೈಗೆ ಕೊಡವ್ವ' ಅಂದರು ಅಪ್ಪ.

'ಯಾಕ್ ಬುಡಿ ಅಯ್ನೋರೆ' ಅಂದಳು. ಅದರಲ್ಲಿ ಕೋಪವಿರಲಿಲ್ಲ, ಕುಹಕವೂ ಇರಲಿಲ್ಲ. 'ಅಲ್ಲೇ ಐತೆ, ತಗಳಿ.'