ನೀರಗಂಟಿಯ ಹೆಸರನ್ನು ಒರೆಸಿದ ಕೈ

ಲಕ್ಕಮ್ಮನವರೇ, ನಿಮ್ಮ ಮನೆಯ ಕಡತದಲ್ಲಿದ್ದ ಆ ಹೆಸರನ್ನು ಒರೆಸಿ ಹಾಕಿದವನು ನಾನು. ನೀವಲ್ಲ. ಆರು ವರ್ಷದಿಂದ ಇಷ್ಟನ್ನು ಹೇಳಲಾರದೆ — ಥೂ, ಎಷ್ಟು ಚಿಕ್ಕ ಮಾತು! — ಗೋವಿಂದರಾಜನಗರದ ಈ ಬಾಡಿಗೆ ಮನೆಯಲ್ಲಿ ಕೂತಲ್ಲಿ ಕೂರದೆ, ನಿಂತಲ್ಲಿ ನಿಲ್ಲದೆ ಓಡಾಡುತ್ತಿದ್ದೇನೆ. ಹೆಂಡತಿಗೂ ಹೇಳಿಲ್ಲ.

ಇತಿಹಾಸವನ್ನು ಕಥೆಯ ಹಾಗೆ ಬರೆದು ಹೆಸರು ಮಾಡಿದವನು ನಾನು. ಬ್ರಿಟಿಷರ ಸಾಮ್ರಾಜ್ಯದಲ್ಲಿ ಯಾರ ಕಣ್ಣಿಗೂ ಬೀಳದೆ ಹೋದ ಮನುಷ್ಯರೇ ನನ್ನ ಸರಕು. ನಗರದಂಚಿನ ಉಲ್ಲಾಳದ ನಿಮ್ಮ ಮನೆಗೆ ಬಂದದ್ದೂ ಅದಕ್ಕೇ. ಕರಿ ಬಟ್ಟೆಯ ಮಡಿಕೆಗಳ ಮೇಲೆ ಬಳಪದಲ್ಲಿ ಬರೆದ ಆ ಹಳೆಯ ಕಡತವನ್ನು ನೀವು ವರ್ಷಕ್ಕೊಮ್ಮೆ, ಆಯುಧಪೂಜೆಗೆ ಮಾತ್ರ ಹೊರಗೆ ತೆಗೆಯುತ್ತಿದ್ದಿರಿ. ಬಿಚ್ಚುತ್ತಿರಲಿಲ್ಲ. ಒಣಬಟ್ಟೆಯಿಂದ ಮೇಲಿನ ಧೂಳು ಕೊಡವಿ, ಹೂವಿಟ್ಟು, ಮತ್ತೆ ಪೆಟ್ಟಿಗೆಗೆ. ಅಂಥದ್ದನ್ನು ನನ್ನ ಕೈಗೆ ಕೊಟ್ಟು ಹಿತ್ತಿಲಿಗೆ ಹೋದಿರಿ.

ಅದರಲ್ಲಿ ಒಬ್ಬ ನೀರಗಂಟಿಯ ಸಂಗತಿ ಇತ್ತು — ಊರ ಕೆರೆಯ ತೂಬು ಕಾಯುವವನು. ದಂಡಿನ ಕುದುರೆಗಳಿಗೆ ನೀರು ಬಿಡು ಎಂದು ಬಿಳಿಯ ಅಧಿಕಾರಿ ಹೇಳಿದಾಗ, ಗದ್ದೆ ಒಣಗುತ್ತದೆ, ಬಿಡೆನು ಎಂದು ಛಡಿಯೇಟು ತಿಂದವನು. ಓದುತ್ತ ಮೈ ಜುಮ್ಮೆಂದಿತು. ಹೆಸರಿನ ಜಾಗ ಮಾತ್ರ ಮಂಕಾಗಿತ್ತು. ಮೊದಲು ಕಂಡಷ್ಟನ್ನು ನಕಲು ಮಾಡಿಕೊಳ್ಳಬೇಕು, ಆಮೇಲೆ ಉಳಿದದ್ದು — ನಮ್ಮ ಕಸುಬಿನ ಮೊದಲ ಪಾಠ ಅದು. ನನಗೆ ಅವಸರ. ಫೋಟೊ ಚೆನ್ನಾಗಿ ಬರಲಿ ಎಂದು ಒದ್ದೆ ಕರ್ಚೀಫಿನಿಂದ ಒಮ್ಮೆ ಸವರಿಬಿಟ್ಟೆ. ಬಳಪ ನೀರಿಗೆ ನಿಲ್ಲುವುದಿಲ್ಲವೆಂದು ಸ್ಲೇಟು ಹಿಡಿದ ಮಗುವಿಗೂ ಗೊತ್ತು! ಮೊದಲಕ್ಷರ 'ಮು' ಇತ್ತೇನೋ... ಅದೂ ಖಾತ್ರಿಯಿಲ್ಲ. ನೀವು ಬರುವಷ್ಟರಲ್ಲಿ ಮಡಿಸಿ ಕೊಟ್ಟೆ.

ಪುಸ್ತಕದಲ್ಲಿ 'ಮುದ್ದಯ್ಯ' ಎಂದು ಬರೆದೆ. ಜನ ಮುದ್ದಯ್ಯನನ್ನು ತಲೆಯ ಮೇಲೆ ಹೊತ್ತರು. ನಿಮ್ಮ ಬಡಾವಣೆಯ ಸರ್ಕಲ್ಲಿಗೆ ಅದೇ ಹೆಸರಿಟ್ಟು, ಬೋರ್ಡಿನ ಪರದೆ ಎಳೆಯಲು ನನ್ನನ್ನೇ ಕರೆದರು. ಅವತ್ತು ನೀವು ನನ್ನ ತೋಳು ಹಿಡಿದು ಕೇಳಿದಿರಿ:

"ಅಲ್ಲ ಕಣಪ್ಪಾ, ನಮ್ಮ ಕಡತದಾಗೆ ಹೆಸರಿನ ಜಾಗ ಖಾಲಿ ಐತಂತಲ್ಲ? ಮೊಮ್ಮಗಳು ತೋರ್ಸಿದ್ಲು."

ಪಾಪ, ನೀವು ಸುಮ್ಮನೆ ಕೇಳಿದ್ದು. ಕುಂಬಳಕಾಯಿ ಕಳ್ಳನಂತೆ ಹೆಗಲು ಮುಟ್ಟಿಕೊಂಡವನು ನಾನು.

"ನಾನು ನೋಡ್ದಾಗ ಇತ್ತು ಅಮ್ಮ. ಪೂಜೇಲಿ ನೀವೇ ಒದ್ದೆ ಬಟ್ಟೆ ಹಾಕಿರ್ಬೇಕು."

ನೀವು ನಿಮ್ಮ ಅಂಗೈ ನೋಡಿಕೊಂಡಿರಿ. "ನನ್ನ ಕೈಯಿಂದ್ಲೇ ಹೋಯ್ತಾ?" ಎಂದಿರಿ. ಆಗಲಾದರೂ ನಾನು — ಇಲ್ಲ, ಹಾರ ಹಾಕಿಸಿಕೊಳ್ಳಲು ವೇದಿಕೆ ಹತ್ತಿದೆ.

ಹೋದ ವಾರ ನಿಮ್ಮ ಮೊಮ್ಮಗಳ ಫೋನು. "ಸಾರ್, ಅಜ್ಜಿ ಪೂಜೆ ಸಾಮಾನು ಮುಟ್ಟೋದೇ ಬಿಟ್ಟಿದಾರೆ. ದೀಪಾನೂ ನನ್ ಕೈಲೇ ಹಚ್ಚಿಸ್ತಾರೆ. ನನ್ನದು ಕೆಟ್ಟ ಕೈ ಅಂತಾರೆ. ನೀವೊಂದು ಮಾತು ಹೇಳಿ, ನಿಮ್ಮ ಮಾತು ನಂಬ್ತಾರೆ." ನನ್ನ ಮಾತು!

ಸಾಮ್ರಾಜ್ಯ ಆ ನೀರಗಂಟಿಗೆ ಹೊಡೆಯಿತು; ಹೆಸರನ್ನು ನಿಮ್ಮ ಕಡತ ಉಳಿಸಿತ್ತು. ಅದನ್ನು ತೆಗೆದವನು ನಾನು; ಇನ್ನು ಅದು ಯಾರಿಗೂ ಸಿಗುವುದಿಲ್ಲ. ಮುಂದಿನ ಮುದ್ರಣದಲ್ಲಿ ಆ ಜಾಗ ಖಾಲಿ ಇರಲಿ, ಕಾರಣವನ್ನೂ ಅಚ್ಚು ಹಾಕಿ ಎಂದು ಪ್ರಕಾಶಕರಿಗೆ ತಿಳಿಸಿದ್ದೇನೆ. ಅದು ಸುಲಭದ ಕೆಲಸ. ಎರಡು ಸಲ ನಿಮ್ಮ ಗೇಟಿನವರೆಗೆ ಬಂದು ಹಿಂದಿರುಗಿದವನು ನಾನು.

ನಾಳೆ ಬೆಳಿಗ್ಗೆ ಉಲ್ಲಾಳದ ಬಸ್ಸು ಹತ್ತುತ್ತೇನೆ. ಮೊಮ್ಮಗಳ ಎದುರಿಗೇ ಹೇಳುತ್ತೇನೆ. ಬಾಯಿಗೆ ಬಂದಂತೆ ಬೈಯಿರಿ, ಬಾಗಿಲಿನಿಂದ ಅಟ್ಟಿರಿ. ಅದಕ್ಕೆ ತಯಾರಿದ್ದೇನೆ. ಆದರೆ ನೀವು ಬೈಯದೆ, "ಹೋಗ್ಲಿ ಬಿಡಪ್ಪಾ, ಉಂಡ್ಕೊಂಡು ಹೋಗು" ಎಂದು ಆ ಕೈಯಿಂದಲೇ ಬಡಿಸಿಬಿಟ್ಟರೆ — ಆ ಅನ್ನವನ್ನು ನಾನು ಹೇಗೆ ನುಂಗಲಿ, ತಾಯೀ?