ಅಕ್ಬರ್ ಪಾಷಾನ ಗಂಟಲು

ಹದಿಮೂರು ವರ್ಷದಲ್ಲಿ ನಲವತ್ತೊಂದು ಸಿನಿಮಾ ಮಾಡಿದ ಅಕ್ಬರ್ ಪಾಷಾನ ಧ್ವನಿಯನ್ನು ಒಬ್ಬ ಪ್ರೇಕ್ಷಕನೂ ಕೇಳಿರಲಿಲ್ಲ. ನಾನು ಕೇಳಿದ್ದೆ. ಗಾಂಧಿನಗರದ ಹಿಂದಿನ ಬೀದಿಯೊಂದರ ಡಬ್ಬಿಂಗ್ ಥಿಯೇಟರಿನಲ್ಲಿ ಪ್ರೊಜೆಕ್ಟರ್ ಓಡಿಸುವ ಕೆಲಸ ನನ್ನದು. ಚಿತ್ರದ ಒಂದು ತುಣುಕಿನ ಎರಡು ತುದಿಯನ್ನೂ ಸೇರಿಸಿ ಅಂಟಿಸುತ್ತಿದ್ದೆವು. ಅದಕ್ಕೆ ಲೂಪ್ ಅಂತ ಹೆಸರು. ಪರದೆಯ ಮೇಲೆ ಅದೇ ದೃಶ್ಯ ಮತ್ತೆ ಮತ್ತೆ ಬರುತ್ತದೆ. ತುಟಿಗೆ ಮಾತು ಕೂಡುವ ತನಕ ಮೈಕಿನ ಮುಂದೆ ನಿಂತವರು ಹೇಳುತ್ತಲೇ ಇರಬೇಕು. ಒಂದೇ ಬೈಗುಳವನ್ನು ದಿನಕ್ಕೆ ಅರವತ್ತು ಸಲ ಕೇಳುವವನಿಗೆ ಸಿನಿಮಾದ ಮೇಲೆ ಎಷ್ಟು ಪ್ರೀತಿ ಉಳಿದೀತು, ನೀವೇ ಹೇಳಿ.

ಪಾಷಾ ಗಂಗಾನಗರದವನು, ಆರ್.ಟಿ. ನಗರದಲ್ಲಿ ಸೈಕಲ್ ಶಾಪ್ ಇಟ್ಟಿದ್ದ. ಆರಡಿ ಆಳು, ಗಿರಿಜಾ ಮೀಸೆ. ಎಪ್ಪತ್ತೊಂದರಲ್ಲಿ ಹೆಬ್ಬಾಳದ ಕೆರೆ ಏರಿಯ ಮೇಲೆ ಶೂಟಿಂಗ್ ನಡೆಯುತ್ತಿದ್ದಾಗ ನೋಡಲು ನಿಂತವನನ್ನು ಕರೆದು ಗೌಡನ ಬಂಟನ ಪಾತ್ರ ಕೊಟ್ಟರು. ಡಬ್ಬಿಂಗ್ ದಿನ ಇಸ್ತ್ರಿ ಅಂಗಿ ತೊಟ್ಟು ನಮ್ಮಲ್ಲಿಗೆ ಬಂದ. ಮೊದಲನೇ ಲೂಪಿಗೇ ನಿರ್ದೇಶಕ ಕೈ ಎತ್ತಿಬಿಟ್ಟ.

"ಮುಖ ಗೌಡ್ರ ಮನೇದು, ಮಾತು ಸಾಬರ ಬೀದೀದು. ನಡಿಯಲ್ಲ ಕಣಯ್ಯ. ಚನ್ನಕೇಶವನ್ನ ಕರೀರಿ."

ಚನ್ನಕೇಶವ ಯಲಹಂಕದವರು, ಬೇರೆ ನಟರಿಗೆ ಧ್ವನಿ ಕೊಟ್ಟು ಬದುಕುತ್ತಿದ್ದವರು. ಐದಡಿಯ ಸಣಕಲು ದೇಹ, ಬಾಯಿ ತೆರೆದರೆ ಗೋಡೆ ಅದುರಬೇಕು. ಎರಡನೇ ಲೂಪಿಗೆ ಓಕೆ ಆಯಿತು. ಹಿಂದಿನ ಬೆಂಚಿನಲ್ಲಿ ಕೂತ ಪಾಷಾ ತನ್ನ ತುಟಿಯಿಂದ ಬೇರೊಬ್ಬರು ಮಾತಾಡುವುದನ್ನು ನೋಡುತ್ತಿದ್ದ. ಆ ನಿರ್ದೇಶಕನ ಮೇಲೆ ನನಗೆ ಇವತ್ತಿಗೂ ಸಿಟ್ಟಿದೆ.

ಸಿನಿಮಾ ಹೆಬ್ಬಾಳದ ಟೆಂಟಿಗೆ ಬಂದಾಗ ಪಾಷಾ ಹೆಂಡತಿ ಮಲ್ಕಾಳನ್ನು ಕರೆದುಕೊಂಡು ಹೋದ. ಗಂಡ ಪರದೆಯ ಮೇಲೆ ಗುಡುಗಿದ ಕೂಡಲೇ ಆಕೆ ಅವನ ತೋಳು ಹಿಡಿದು, "ಯೇ ಕಿಸ್ಕಾ ಆವಾಜ್ ಹೈ ಜೀ?" ಎಂದಳಂತೆ. ಇದು ಯಾರ ಧ್ವನಿ? ನಿಮ್ಮದೇ ಧ್ವನಿ ಬಂದ ದಿನ ಹೇಳಿ, ಬರ್ತೀನಿ, ಅಲ್ಲಿವರೆಗೆ ನನ್ನ ಸಿನಿಮಾಕ್ಕೆ ಕರೀಬೇಡಿ ಎಂದು ಮಲ್ಕಾ ಎದ್ದು ಹೊರಟಳು.

ಅಲ್ಲಿಂದ ಅವನಿಗೆ ಅದೊಂದೇ ಹಂಬಲ ಹತ್ತಿಕೊಂಡಿತು. ಅಂಗಡಿಯಲ್ಲಿ ಪಂಕ್ಚರ್ ಹಾಕುತ್ತಾ ಕನ್ನಡ ಪೇಪರನ್ನು ಗಟ್ಟಿಯಾಗಿ ಓದುತ್ತಿದ್ದ. ಗಿರಾಕಿಗಳು ನಗುತ್ತಿದ್ದರು. ಮೂರ್ನಾಲ್ಕು ವರ್ಷದಲ್ಲಿ ಅವನ ಮಾತಿನಲ್ಲಿ ಬೆರಳಿಟ್ಟು ತೋರಿಸುವಂಥ ತಪ್ಪು ಉಳಿಯಲಿಲ್ಲ. ಆದರೂ ಪ್ರತಿ ಸಿನಿಮಾಕ್ಕೂ ಅದೇ ಉತ್ತರ: ಆ ಮುಖಕ್ಕೆ ಆ ಧ್ವನಿ ಜನಕ್ಕೆ ಅಭ್ಯಾಸವಾಗಿದೆ, ಬದಲಾಯಿಸೋಕಾಗಲ್ಲ. ಚನ್ನಕೇಶವರಿಗೂ ಸಂಕೋಚವಿತ್ತು. "ತಪ್ಪು ತಿಳ್ಕೋಬೇಡಿ ಪಾಷಾ, ಹೊಟ್ಟೆಪಾಡು," ಎಂದು ಟೀ ತರಿಸುತ್ತಿದ್ದರು. ಇವನು ಕುಡಿಯುತ್ತಿದ್ದ. ಇನ್ನೇನು ಮಾಡಿಯಾನು?

ಎಂಬತ್ತನಾಲ್ಕರಲ್ಲಿ ಮೊದಲ ಸಲ ಅವನಿಗೆ ಹೊಡೆದಾಟವಿಲ್ಲದ ಪಾತ್ರ ಸಿಕ್ಕಿತು, ಮಗಳಿರುವ ವಾಚ್‌ಮನ್ ಪಾತ್ರ. ಮೂರು ದೃಶ್ಯಗಳ ಡಬ್ಬಿಂಗ್ ಬಾಕಿ ಇರುವಾಗ ಚನ್ನಕೇಶವ ಎದೆನೋವಿನಿಂದ ತೀರಿಕೊಂಡರು. ನಾನೂ ಪಾಷಾನೂ ಯಲಹಂಕದ ಅವರ ಮನೆಗೆ ಹೋದೆವು. ಅವರ ಹೆಂಡತಿ ರತ್ನಕ್ಕ ನಮ್ಮ ಮುಂದೆ ಅಳಲಿಲ್ಲ.

"ಫೋಟೋ ಇದೆ, ಕನ್ನಡಕ ಇದೆ. ಅವರ ಮಾತೊಂದು ಮನೇಲಿ ಎಲ್ಲೂ ಇಲ್ಲ ನೋಡಿ. ಕೊನೆ ಪಿಕ್ಚರ್ ಬಂದಾಗ ನನ್ನ ಕರ್ಕೊಂಡು ಹೋಗ್ತೀರಾ?"

"ನಾನೇ ಬಂದು ಕರ್ಕೊಂಡು ಹೋಗ್ತೀನಮ್ಮ," ಎಂದ ಪಾಷಾ.

ಬಿಡುಗಡೆ ದಿನ ಗೊತ್ತಾಗಿಬಿಟ್ಟಿತ್ತು. ಬೇರೆ ದಾರಿ ಕಾಣದೆ ನಿರ್ಮಾಪಕರು ಉಳಿದದ್ದನ್ನು ಪಾಷಾನಿಗೇ ಒಪ್ಪಿಸಿದರು, ಚನ್ನಕೇಶವರ ಹಾಗೇ ಹೇಳಬೇಕು ಅಂತ. ಹದಿಮೂರು ವರ್ಷವೂ ಹಿಂದಿನ ಬೆಂಚಿನಲ್ಲಿ ಕೂತು ಕೇಳಿದವನು, ಎರಡು ದೃಶ್ಯ ಥೇಟ್ ಅವರಂತೆಯೇ ಹೇಳಿದ. ಮೂರನೆಯದು ಚಿತ್ರದ ಕೊನೆಯ ದೃಶ್ಯ. ಯಶವಂತಪುರದ ಸ್ಟೇಷನ್ನಿನಲ್ಲಿ ಮಗಳನ್ನು ರೈಲು ಹತ್ತಿಸುವ ಅಪ್ಪ ಹೇಳಬೇಕು: "ಹೋಗ್ಬಾ ಮಗಳೇ. ನನ್ನ ಯೋಚನೆ ಬಿಡು, ಇಲ್ಲಿ ನನಗೇನೂ ಕಮ್ಮಿ ಇಲ್ಲ."

ಇಪ್ಪತ್ತೆರಡು ಸಲ ಲೂಪ್ ಓಡಿಸಿದೆ. ಅನುಕರಣೆ ಒಮ್ಮೆಯೂ ಕೂಡಲಿಲ್ಲ. ಇಪ್ಪತ್ತಮೂರನೆಯ ಸಲ ಪಾಷಾ ಅದನ್ನೆಲ್ಲ ಬಿಟ್ಟು ತನ್ನ ಗಂಟಲಲ್ಲೇ ಹೇಳಿದ. ಸಣ್ಣಗೆ, ಸುಸ್ತಾದವನ ಹಾಗೆ. ಅಷ್ಟು ಚೆಂದದ ಮಾತನ್ನು ಆ ಥಿಯೇಟರಿನಲ್ಲಿ ನಾನು ಕೇಳಿರಲಿಲ್ಲ. ನಿರ್ದೇಶಕರು ಗಡಿಯಾರ ನೋಡಿಕೊಂಡರು. "ಸಾಕು ಬಿಡ್ರಿ. ಆ ಹೊತ್ತಿಗೆ ಜನ ಕಾಲಲ್ಲಿ ಚಪ್ಪಲಿ ಹುಡುಕ್ತಿರ್ತಾರೆ."

ಹೊರಗೆ ಬಂದ ಪಾಷಾ ನನ್ನ ಭುಜ ಹಿಡಿದು ಅಲ್ಲಾಡಿಸಿದ. "ಮಲ್ಕಾನ ಕರ್ಕೊಂಡು ಬರ್ತೀನಿ ಗುರು! ಹದಿಮೂರು ವರ್ಷ ಆಯ್ತು."

"ರತ್ನಕ್ಕಂಗೆ ಏನ್ ಹೇಳ್ತೀಯ?"

"ಪಿಕ್ಚರ್ ಮುಗಿದ್ಮೇಲೆ ಹೇಳ್ತೀನಿ. ಕೊನೇದು ನಂದು ಅಂತ. ಅವರೇನ್ ಬೇಜಾರ್ ಮಾಡ್ಕೋತಾರಾ?"

ಯಶವಂತಪುರದಲ್ಲಿ ಮ್ಯಾಟಿನಿಗೆ ನಾಲ್ವರೂ ಹೋದೆವು. ರತ್ನಕ್ಕನ ಒಂದು ಪಕ್ಕ ಪಾಷಾ, ಇನ್ನೊಂದು ಪಕ್ಕ ನಾನು. ಪಾಷಾನ ಆಚೆ ಬುರ್ಖಾದಲ್ಲಿ ಮಲ್ಕಾ. ವಾಚ್‌ಮನ್ ಪರದೆಗೆ ಬಂದಾಗಲೆಲ್ಲ ರತ್ನಕ್ಕ ಕಣ್ಣು ಮುಚ್ಚಿಕೊಳ್ಳುತ್ತಿದ್ದರು. ಅವರಿಗೆ ಪಾಷಾನ ಮುಖ ಬೇಕಿರಲಿಲ್ಲ. ಅನುಕರಣೆಯ ಎರಡೂ ದೃಶ್ಯ ದಾಟಿತು, ಅವರಿಗೆ ಅನುಮಾನ ಬರಲಿಲ್ಲ.

ಕೊನೆಗೆ ಸ್ಟೇಷನ್ ಬಂತು. ಜನ ಎದ್ದು ನಿಲ್ಲತೊಡಗಿದ್ದರು. "ಹೋಗ್ಬಾ ಮಗಳೇ..." ಎಂದದ್ದೇ ಮಲ್ಕಾ ನೆಟ್ಟಗೆ ಕೂತು ಗಂಡನ ಕಡೆ ತಿರುಗಿದಳು. ರತ್ನಕ್ಕನೂ ಕಣ್ಣು ತೆರೆದರು.

"ಇಲ್ಲಿ ಧ್ವನಿ ಬೇರೆ ಥರ ಇದೆ, ಅಲ್ವಾ?"

ಇನ್ನೇನು ಪಾಷಾ ಹೇಳಬೇಕು, ಅಷ್ಟರಲ್ಲಿ ಅವರೇ ಮುಂದುವರಿಸಿದರು.

"ಆಗ್ಲೇ ಎದೆ ಹಿಡ್ಕೊಂಡಿತ್ತು ಅನ್ಸುತ್ತೆ ಅವರಿಗೆ. ಉಸಿರು ಸಾಲ್ತಾ ಇಲ್ಲ ನೋಡಿ. ಅಷ್ಟರಲ್ಲೂ ಹೆಂಗೆ ಹೇಳಿದಾರೆ, ಇಲ್ಲೇನೂ ಕಮ್ಮಿ ಇಲ್ಲ ಅಂತ. ನನಗೇ ಹೇಳಿದ ಹಾಗಾಯ್ತು." ಸೆರಗು ಬಾಯಿಗೆ ಒತ್ತಿಕೊಂಡು ಅವರು ಅತ್ತರು. ಗಂಡ ಸತ್ತ ದಿನದಿಂದ ತಡೆದಿದ್ದೆಲ್ಲ ಆಗ ಬಂತು.

ಮಲ್ಕಾ ಏನೋ ಹೇಳಲು ಹೊರಟಳು. ಪಾಷಾ ಅವಳ ಕೈ ಅದುಮಿ ಹಿಡಿದ. ನಾನಾಗಿದ್ದರೆ ಹೇಳಿಯೇಬಿಡುತ್ತಿದ್ದೆನೇನೋ, ನಾನು ಅಷ್ಟು ಒಳ್ಳೆಯವನಲ್ಲ.

"ಅವರದೇ ತಾನೆ?" ಎಂದು ರತ್ನಕ್ಕ ಅವನ ಕಡೆ ತಿರುಗಿ ಕೇಳಿದರು.

ಪಾಷಾ ಹೌದೆಂದು ತಲೆಯಾಡಿಸಿದ. ಅವರನ್ನು ಯಲಹಂಕದ ಮನೆ ಮುಟ್ಟಿಸುವವರೆಗೂ ಅವನು ಒಂದೇ ಒಂದು ಮಾತಾಡಲಿಲ್ಲ; ಬಾಯಿ ತೆರೆದಿದ್ದರೆ ಅವರಿಗೆ ಗೊತ್ತಾಗಿಬಿಡುತ್ತಿತ್ತು.