ಸಾಕ್ಷಿಯ ಆರೋಗ್ಯ

ನಮ್ಮ ಹೊಳೆಹೊನ್ನೂರಿನ ಗದ್ದೆಯ ಕಡತಕ್ಕೂ ನನಗೂ ಹೆಚ್ಚುಕಡಿಮೆ ಒಂದೇ ವಯಸ್ಸು. ನಾನು ತೊಟ್ಟಿಲಲ್ಲಿದ್ದಾಗ ಅಪ್ಪ, ಗೇಣಿ ಗದ್ದೆ ತಮ್ಮ ಹೆಸರಿಗಾಗಲೆಂದು ಏಳನೇ ನಂಬರ್ ಫಾರಂ ಕೊಟ್ಟಿದ್ದರು. ಭೂ ನ್ಯಾಯಮಂಡಳಿ ಹಕ್ಕು ಕೊಟ್ಟಿತು. ಗದ್ದೆಯ ಒಡೆಯರ ದಾಯಾದಿಯೊಬ್ಬರು ತಮಗೆ ನೋಟಿಸೇ ಬಂದಿಲ್ಲವೆಂದು ಹೈಕೋರ್ಟಿಗೆ ಹೋದರು. ಮತ್ತೊಮ್ಮೆ ವಿಚಾರಣೆ ಮಾಡಿ ಎಂದು ಕೋರ್ಟು ಕಡತವನ್ನು ವಾಪಸು ಕಳಿಸಿತು. ಆ ‘ಮತ್ತೊಮ್ಮೆ’ ಇನ್ನೂ ಮುಗಿದಿಲ್ಲ. ಮಂಡಳಿಗೆ ಸದಸ್ಯರಿಲ್ಲದೆ ವರ್ಷಗಟ್ಟಲೆ ಹೋಯಿತು. ಸದಸ್ಯರು ನೇಮಕವಾಗುವಷ್ಟರಲ್ಲಿ ಸರ್ಕಾರವೇ ಬದಲಾಯಿತು. ನನಗೆ ನರೆ, ಕನ್ನಡಕ, ಬಿಪಿ ಎಲ್ಲ ಬಂದವು, ಆದೇಶ ಬರಲಿಲ್ಲ. ಅಪ್ಪ ಅಮ್ಮ ಇಬ್ಬರೂ ಹೋದರು. ಉಳುವವನು ನನ್ನ ತಮ್ಮ. ಪಹಣಿಯಲ್ಲಿ ಹೆಸರು ಇವತ್ತಿಗೂ ಒಡೆಯರದು. ಬೆಳೆ ಮುಳುಗಿದರೆ ಪರಿಹಾರಕ್ಕೆ ಅರ್ಜಿ ಹಾಕಲೂ ಅವನಿಗೆ ದಾರಿಯಿಲ್ಲ.

ನನ್ನ ಮನೆ ವಿನೋಬನಗರದಲ್ಲಿ, ಮೇಷ್ಟ್ರ ಕೆಲಸ ಭದ್ರಾವತಿಯಲ್ಲಿ. ಗದ್ದೆಗೆ ನಾನು ಮಾಡುವುದು ಚಿಂತೆಯೊಂದೇ. ಅದನ್ನು ಮಾತ್ರ ಎರಡು ಬೆಳೆಗೂ ತಪ್ಪದೆ ಮಾಡುತ್ತೇನೆ.

ಈ ವರ್ಷ ಕೊನೆಗೂ ವಿಚಾರಣೆಯ ನೋಟಿಸು ಬಂತು. ವಕೀಲರು ಅಂದರು: “ರಸೀದಿ ಇಲ್ಲ ಅಂತೀರಿ. ನಿಮ್ಮಪ್ಪ ಗೇಣಿ ಅಳೆದಿದ್ದನ್ನ ಕಣ್ಣಲ್ಲಿ ನೋಡಿದೋರು ಯಾರಾದ್ರೂ ಬದುಕಿದಾರಾ ಮೇಷ್ಟ್ರೇ?”

ಇದ್ದದ್ದು ಒಬ್ಬರೇ. ತೀರಿಕೊಂಡ ಒಡೆಯರ ಹೆಂಡತಿ, ನಮಗೆಲ್ಲ ‘ಅಮ್ಮಾವ್ರು’; ದುರ್ಗಿಗುಡಿಯಲ್ಲಿದ್ದಾರೆ, ವಯಸ್ಸು ತೊಂಬತ್ತರ ಹತ್ತಿರ. ಅವರ ಮನೆಗೆ ನಾನು ಮುಖ ತೋರಿಸುವ ಹಾಗಿರಲಿಲ್ಲ.

ಕಾರಣ ನನ್ನ ಚಿಂತೆಯೇ. ಭೂಸುಧಾರಣೆ ಕಾನೂನು ಬಂದು ಗೇಣಿ ನಿಂತ ಮೇಲೂ ಅಮ್ಮ ಪ್ರತಿವರ್ಷ ಆ ಮನೆಗೆ ಹೊಸಕ್ಕಿ ಕಳಿಸುತ್ತಿದ್ದಳು, ಒಂದು ಚೀಲ, ಮೇಲೆ ವೀಳ್ಯದೆಲೆ. ಅವಳ ನಂತರ ತಮ್ಮ ಅದನ್ನು ಮುಂದುವರಿಸಿದ್ದ. ಇದನ್ನು ನೋಡಿ ಯಾರಾದರೂ ‘ಇವರು ಇನ್ನೂ ಗೇಣಿ ಕೊಡುತ್ತಿದ್ದಾರೆ’ ಅಂದುಬಿಟ್ಟರೆ, ಗದ್ದೆ ಇನ್ನೂ ಒಡೆಯರದೇ ಎಂದಾಗಿಬಿಟ್ಟರೆ ಎಂದು ಎರಡು ವರ್ಷದ ಹಿಂದೆ ನನ್ನ ತಲೆಗೆ ಹೊಕ್ಕಿತು. ವಕೀಲರನ್ನೂ ಕೇಳದೆ, ತಮ್ಮನಿಗೆ ಹೇಳಿ ಅಕ್ಕಿ ನಿಲ್ಲಿಸಿದೆ. ಆ ಮನೆಗೆ ಒಂದು ಮಾತೂ ಹೇಳಲಿಲ್ಲ.

“ನೀನೇ ನಿಲ್ಸಿದ್ದು, ನೀನೇ ಹೊತ್ಕೊಂಡು ಹೋಗು ಮಾರಾಯ,” ಎಂದು ತಮ್ಮ ಚೀಲವನ್ನು ನನ್ನ ಕಾರಿಗೆ ಹಾಕಿದ.

ಬಾಗಿಲು ತೆಗೆದ ಅಮ್ಮಾವ್ರು ಚೀಲ ನೋಡಿದರು, ನನ್ನನ್ನು ನೋಡಿದರು. “ಎರಡು ವರ್ಷ ಅಂಗಡಿ ಅಕ್ಕಿ ತಿಂದೆ ಕಣೋ. ಈಗ ನಾನು ಇದೀನೋ ಹೋದೆನೋ ನೋಡಕ್ಕೆ ಬಂದ್ಯಾ?”

ಸುಳ್ಳು ಹೇಳುವ ಧೈರ್ಯವೂ ನನಗಿಲ್ಲ. ಹೆದರಿಕೆಯನ್ನೂ, ಸಾಕ್ಷಿಯ ವಿಷಯವನ್ನೂ ಒಟ್ಟಿಗೇ ಒದರಿದೆ.

ಅವರು ಜೋರಾಗಿ ನಕ್ಕರು. “ಮೇಷ್ಟ್ರಾಗಿ ಏನು ಕಲಿಸ್ತೀಯೋ ಮಕ್ಕಳಿಗೆ! ಗೇಣಿ ಅಂದ್ರೆ ಅಂಗಳದಲ್ಲಿ ಕೊಳಗದಲ್ಲಿ ಅಳೆದು ಹಾಕೋ ಭತ್ತ. ನಿಮ್ಮಪ್ಪ ಅಳೀತಿದ್ದ, ನಮ್ಮನೇವ್ರು ಎಣಿಸ್ತಿದ್ರು, ನಾನು ಜಗಲಿ ಮೇಲೆ ನಿಂತು ನೋಡ್ತಿದ್ದೆ. ಇದು ನಿಮ್ಮಮ್ಮ ಹಿಂದಿನ ಬಾಗಿಲಿಂದ ಅಡಿಗೆಮನೆಗೆ ತರ್ತಿದ್ದಿದ್ದು. ನಮ್ಮಿಬ್ರ ಮಧ್ಯದ್ದು. ಅದಕ್ಕೆ ಯಾವ ಕೋರ್ಟು?” ಒಳಗೆ ತಿರುಗಿ, “ಸಾಕ್ಷಿಗೆ ಬರ್ತೀನಿ ಹೋಗು. ದಾಯಾದಿ ಏನಂದ್ರೂ ಅನ್ಲಿ,” ಅಂದರು.

ಅವತ್ತಿನಿಂದ ವಿಚಾರಣೆಯ ದಿನದವರೆಗೆ ನಾನು ಅವರ ಆರೋಗ್ಯ ವಿಚಾರಿಸಿದಷ್ಟು ನನ್ನ ಹೆತ್ತಮ್ಮನದನ್ನೂ ವಿಚಾರಿಸಿರಲಿಲ್ಲ. ಕೆಮ್ಮಿದರಂತೆ ಎಂದು ಗೊತ್ತಾದರೆ ಬಿಡುವಿನ ಪಿರಿಯಡ್‌ನಲ್ಲಿ ಫೋನು. ಮೂರನೇ ಫೋನಿಗೆ ಅವರ ಸೊಸೆ, “ಅತ್ತೆ ಚೆನ್ನಾಗಿದಾರೆ, ನೀವು ಹುಷಾರಾಗಿರಿ,” ಎಂದರು.

ವಿಚಾರಣೆಯ ದಿನ ಅಮ್ಮಾವ್ರನ್ನು ಕಾರಿನಲ್ಲಿ ಕರೆದುಕೊಂಡು ಹೋದೆ. ಇಸ್ತ್ರಿ ಮಾಡಿದ ಸೀರೆ ಉಟ್ಟು, ಕಚೇರಿಯ ಬೆಂಚಿನ ಮೇಲೆ ನೆಟ್ಟಗೆ ಕೂತರು. ಮಧ್ಯಾಹ್ನದ ಹೊತ್ತಿಗೆ ಗುಮಾಸ್ತ ಬಂದು, “ಸಾಹೇಬ್ರು ತುರ್ತು ಮೀಟಿಂಗಿಗೆ ಹೋದ್ರು. ಇವತ್ತು ಮಂಡಳಿ ಕೂರಲ್ಲ. ಎರಡು ತಿಂಗಳು ಬಿಟ್ಟು ಡೇಟು,” ಎಂದ.

“ನಾನು ಹೇಳೋದು ಈಗ್ಲೇ ಬರ್ಕೊಳಪ್ಪಾ.”

“ಸಾಹೇಬ್ರಿಲ್ದೆ ಬರ್ಕೊಳ್ಳೋ ಹಾಗಿಲ್ಲ ಅಜ್ಜಿ.”

“ನಾನಿಲ್ದೆ ಬರ್ಕೋತೀರಾ?”

ಗುಮಾಸ್ತ ಪಾಪ, ನಮ್ಮ ವಕೀಲರ ಕಡೆ ನೋಡಿದ. ವಕೀಲರು ಅಮ್ಮಾವ್ರ ವಯಸ್ಸು ಕಾಣಿಸಿ, ಮನೆಗೇ ಬಂದು ಹೇಳಿಕೆ ಪಡೆಯಬೇಕೆಂದು ಒಂದು ಅರ್ಜಿ ಬರೆದರು. ಕಚೇರಿಯವರು ಅದನ್ನು ತೆಗೆದುಕೊಂಡು ಸೀಲು ಹಾಕಿದರು. ಆ ಅರ್ಜಿಯ ಮೇಲೆ ಆದೇಶವಾಗಬೇಕಾದರೂ ಮಂಡಳಿಯೇ ಕೂರಬೇಕಂತೆ. ತಮ್ಮನಿಗೆ ಫೋನಿನಲ್ಲಿ ಹೇಳಿದೆ. ಅವನು, “ಸರಿ, ನಾಟಿ ಇದೆ,” ಎಂದು ಇಟ್ಟುಬಿಟ್ಟ.

ವಾಪಸು ಬರುವಾಗ ಅಮ್ಮಾವ್ರು ಪಕ್ಕದ ಸೀಟಿನಲ್ಲಿ ಕಣ್ಣು ಮುಚ್ಚಿದ್ದರು. ಪ್ರತಿ ಸಿಗ್ನಲ್ಲಿನಲ್ಲೂ ನಾನು ಅವರ ಸೆರಗು ಏರಿಳಿಯುತ್ತಿದೆಯೇ ಎಂದು ಇಣುಕಿದೆ.

“ಬದುಕಿದೀನಿ ಕಣೋ,” ಎಂದರು, ಕಣ್ಣು ತೆರೆಯದೆ. “ರಸ್ತೆ ನೋಡ್ಕೊಂಡು ಓಡ್ಸು.”

ರಸ್ತೆಯ ಹಂಪು ಬಂತು. ಬ್ರೇಕು ಹಿಡಿದು, ಎತ್ತಿನಗಾಡಿಗಿಂತ ನಿಧಾನವಾಗಿ ದಾಟಿಸಿದೆ. ಹಿಂದಿನ ಆಟೋದವನು ಹಾರ್ನ್ ಒತ್ತುತ್ತಲೇ ಇದ್ದ.